ಸರ್ವವಿಶ್ಲೇಷಕ ಬಿಳಿಗಿರಿಯಪ್ಪನ ಏಳಿಗೆ

ತುಂಬ ಹಿಂದಿನ ಮಾತು. ಎಷ್ಟು ಹಿಂದಿನದೆಂದರೆ, ಆಗಿನ ರಾಜರಿಗೆ ಕಿರೀಟವೂ ಇತ್ತು, ಟೀವಿ ಚಾನೆಲ್ಲೂ ಇತ್ತು. ಅಂಥ ಕಾಲದಲ್ಲಿ ಪ್ರಸನ್ನಾವತಿ ಎಂಬ ರಾಜ್ಯವನ್ನು ಶ್ರೀಮನ್ಮಹಾರಾಜ ಸುಪ್ರಸನ್ನವರ್ಮರು ಆಳುತ್ತಿದ್ದರು. ಅವರ ತಾತಂದಿರು ಪ್ರಜೆಗಳ ಸುಖದುಃಖ ತಿಳಿಯಲು ವೇಷ ಮರೆಸಿಕೊಂಡು ಬೀದಿ ಸುತ್ತುತ್ತಿದ್ದರಂತೆ. ಸುಪ್ರಸನ್ನವರ್ಮರು ಅಷ್ಟು ಶ್ರಮ ಪಡುತ್ತಿರಲಿಲ್ಲ. ಸಂಜೆ ಏಳಕ್ಕೆ ಟೀವಿ ಹಾಕುತ್ತಿದ್ದರು. ಅದರಲ್ಲಿ ಪ್ರಜೆಗಳು ಸುಖವಾಗಿರುತ್ತಿದ್ದರು.

ಟೀವಿಯ ಹೆಸರು ‘ರಾಜಘೋಷ’. ರಾಜ್ಯದಲ್ಲಿ ಇದ್ದದ್ದು ಅದೊಂದೇ ಚಾನೆಲ್ಲು. ಆದರೂ ಪ್ರತಿ ವಾರ ಅದೇ ನಂಬರ್ ಒನ್ ಎಂದು ಸಂಭ್ರಮಿಸಲಾಗುತ್ತಿತ್ತು. ಅದನ್ನು ನಡೆಸುತ್ತಿದ್ದವರು ವಾರ್ತಾಮಂತ್ರಿ ಮಿತಭಾಷಿಗಳು. ಅಲ್ಲಿ ಪ್ರತಿ ಸಂಜೆ ‘ಸಂಧ್ಯಾಸಮರ’ ಎಂಬ ಚರ್ಚೆ ನಡೆಯುತ್ತಿತ್ತು. ಅದರ ನಿರೂಪಕ ಕಲಕಂಠ ಉಸಿರು ತೆಗೆದುಕೊಳ್ಳದೆ ಹನ್ನೊಂದು ನಿಮಿಷ ಕೂಗಬಲ್ಲವನಾಗಿದ್ದ. ಪ್ರಶ್ನೆಯ ಕೊನೆಗೆ ಬರುವಷ್ಟರಲ್ಲಿ ಅದರ ಮೊದಲರ್ಧ ಕೇಳುವವರಿಗೂ ಮರೆತಿರುತ್ತಿತ್ತು, ಕೇಳಿದವನಿಗೂ ಮರೆತಿರುತ್ತಿತ್ತು.

ರಾಜಧಾನಿಯ ಮಗ್ಗುಲಲ್ಲಿ ದೊಡ್ಡಕೆರೆ, ಕೆರೆಯ ಏರಿಯ ಕೆಳಗೆ ಕೆಳಗಣಕೇರಿ, ಮುನ್ನೂರು ಮನೆ. ಆ ಕೆರೆಗೆ ಬಿಳಿಗಿರಿಯಪ್ಪ ಎಂಬ ಅಳತೆಗಾರನಿದ್ದ. ನೀರಲ್ಲಿ ನಿಲ್ಲಿಸಿದ್ದ ಕಲ್ಲುಕಂಬದ ಗೆರೆ ನೋಡಿ, ಇವತ್ತು ಇಷ್ಟು ಅಡಿ ಎಂದು ಕಪ್ಪುಹಲಗೆಯ ಮೇಲೆ ಸೀಮೆಸುಣ್ಣದಲ್ಲಿ ಬರೆಯುವುದು, ಬೆಳಿಗ್ಗೆ ಸಂಜೆ ಏರಿಯ ಉದ್ದಕ್ಕೂ ನಡೆದು ಎಲ್ಲಾದರೂ ನೀರು ಜಿನುಗುತ್ತಿದೆಯೇ ಎಂದು ನೋಡುವುದು, ಇಷ್ಟೇ ಅವನ ಉದ್ಯೋಗ. ಇಪ್ಪತ್ತೆರಡು ವರ್ಷ ಇದನ್ನೇ ಮಾಡಿದ್ದ. ಹನ್ನೆರಡು ಅಡಿ ಇದ್ದರೆ ಹನ್ನೆರಡು ಎಂದೇ ಬರೆಯುತ್ತಿದ್ದ. ಸರ್ಕಾರಿ ನೌಕರರಲ್ಲಿ ಈ ಅಭ್ಯಾಸ ಇನ್ನಾರಿಗೂ ಇರಲಿಲ್ಲವಾದ್ದರಿಂದ ಜನ ಅವನನ್ನು ನಂಬುತ್ತಿದ್ದರು. ಹೆಂಡತಿ ಸಣ್ಣತಾಯಮ್ಮನೊಂದಿಗೆ ಕೆಳಗಣಕೇರಿಯಲ್ಲೇ ವಾಸವಾಗಿದ್ದ.

ಅವನ ಕೈಕೆಳಗೆ ದೇವೀರಮ್ಮ ಎಂಬ ಸಹಾಯಕಿ ಇದ್ದಳು. ಕೆಲಸ ಕಲಿಸಿದವನು ಅವನೇ. “ತಿಳಿನೀರು ಜಿನುಗಿದ್ರೆ ಚಿಂತೆ ಇಲ್ಲ ಕಣವ್ವ, ಏರಿ ಬೆವರ್ತಾ ಅದೆ ಅಂದ್ಕೊ. ಕೆಂಪುನೀರು ಜಿನುಗಿದ್ರೆ ಮಾತ್ರ ಕಾಲಿಗೆ ಬುದ್ಧಿ ಹೇಳು. ಒಳಗೆ ಮಣ್ಣು ಕರಗ್ತಾ ಅದೆ ಅಂತ ಅರ್ಥ” ಎಂದು ಮೊದಲ ದಿನವೇ ಹೇಳಿಕೊಟ್ಟಿದ್ದ.

ಒಂದು ವರ್ಷ ಮಳೆ ಚೆನ್ನಾಗಿ ಆಯಿತು. ಕೆರೆಗೆ ಹದಿನೇಳು ಅಡಿ ನೀರು ಬಂತು. ‘ಈ ಮಳೆ ಮಹಾರಾಜರಿಂದಲೇ ಆಯಿತೆ, ಅಥವಾ ಕೇವಲ ಮಹಾರಾಜರಿಂದ ಆಯಿತೆ?’ ಎಂಬ ವಿಷಯದ ಮೇಲೆ ಸಂಧ್ಯಾಸಮರ ಏರ್ಪಾಡಾಯಿತು. ದುರದೃಷ್ಟಕ್ಕೆ ಅಂದೇ ಆಸ್ಥಾನದ ವಿಶ್ಲೇಷಕರಿಗೆ ಗಂಟಲು ಕಟ್ಟಿತು. ಕುರ್ಚಿ ಖಾಲಿ ಬಿಡುವ ಹಾಗಿಲ್ಲ. ಕೆರೆಯ ವಿಷಯವಲ್ಲವೇ ಎಂದು ಯಾರೋ ಬಿಳಿಗಿರಿಯಪ್ಪನನ್ನು ಕರೆತಂದು, ಒಗೆದ ಅಂಗಿ ತೊಡಿಸಿ, ದೀಪದ ಕೆಳಗೆ ಕೂರಿಸಿದರು.

“ಹೇಳಿ ಬಿಳಿಗಿರಿಯಪ್ಪನವರೇ! ಇಡೀ ರಾಜ್ಯ ಕೇಳುತ್ತಿದೆ! ಈ ಮಳೆಗೆ ಮಹಾರಾಜರೇ ಕಾರಣವೆಂದು ಒಪ್ಪುತ್ತೀರೋ ಇಲ್ಲವೋ?” ಎಂದು ಕಲಕಂಠ ಅಬ್ಬರಿಸಿದ.

ಬಿಳಿಗಿರಿಯಪ್ಪ ಸ್ವಲ್ಪ ಯೋಚಿಸಿ, “ನಂಗೊತ್ತಿಲ್ಲ ಸ್ವಾಮಿ” ಎಂದ. “ನೀರು ಎಷ್ಟದೆ ಅಂತ ಬರೀತೀನಿ. ಯಾರು ತಂದ್ರು ಅಂತ ಬರೆಯೋಕೆ ನಮ್ಮ ಹಲಗೇಲಿ ಜಾಗ ಇಲ್ಲ.”

ಸ್ಟುಡಿಯೋದಲ್ಲಿ ನಾಲ್ಕು ಸೆಕೆಂಡು ಮೌನ ಆವರಿಸಿತು. ರಾಜಘೋಷದ ಇತಿಹಾಸದಲ್ಲಿ ಅಷ್ಟು ದೀರ್ಘವಾದ ಮೌನ ಎಂದೂ ಪ್ರಸಾರವಾಗಿರಲಿಲ್ಲ. ಟೀವಿ ಕೆಟ್ಟಿತೆಂದುಕೊಂಡು ಜನ ಎದ್ದು ಬಂದು ತಟ್ಟಿ ನೋಡಿದರು. ‘ಗೊತ್ತಿಲ್ಲ’ ಎನ್ನುವ ಮನುಷ್ಯನೊಬ್ಬ ಟೀವಿಯಲ್ಲಿ ಕೂತಿದ್ದಾನೆ ಎಂಬ ಸುದ್ದಿ ಬೀದಿಯಿಂದ ಬೀದಿಗೆ ಹರಡಿತು. ಮಾರನೆಯ ದಿನ ಟಿಆರ್‌ಪಿ ನೋಡಿದ ಮಿತಭಾಷಿಗಳು ಅವನನ್ನು ಅರಮನೆಗೆ ಕರೆಸಿದರು.

ಸೆರೆಮನೆಗೆ ಹೋಗುವವನಂತೆ ಸಣ್ಣತಾಯಮ್ಮನ ಕೈಯಿಂದ ಒಂದು ಕಂಬಳಿ ಇಸಕೊಂಡು ಬಿಳಿಗಿರಿಯಪ್ಪ ಹೋದ. ಮಂತ್ರಿಗಳು ಎದ್ದು ನಿಂತು ಸ್ವಾಗತಿಸಿದರು.

“ನಿಮ್ಮ ಮಾತನ್ನು ಜನ ನಂಬುತ್ತಾರೆ” ಎಂದರು. “ನಂಬಿಕೆಯೆನ್ನುವುದು ರಾಜ್ಯದ ಸಂಪತ್ತು, ಬಿಳಿಗಿರಿಯಪ್ಪನವರೇ. ಅದನ್ನು ಹೀಗೆ ಖಾಸಗಿಯಾಗಿ ಇಟ್ಟುಕೊಳ್ಳುವಂತಿಲ್ಲ.”

“ನನಗೆ ಕೆರೆ ಬಿಟ್ರೆ ಏನೂ ಗೊತ್ತಿಲ್ವಲ್ಲ ಬುದ್ಧಿ.”

“ಅದೇ ನಮಗೆ ಬೇಕಾದ ಅರ್ಹತೆ. ಗೊತ್ತಿದ್ದವರನ್ನು ಇಟ್ಟುಕೊಂಡು ನೋಡಿದ್ದೇವೆ. ಮಧ್ಯೆ ಮಧ್ಯೆ ತಡವರಿಸುತ್ತಾರೆ.”

ಹೀಗೆ ಬಿಳಿಗಿರಿಯಪ್ಪ ಆಸ್ಥಾನ ವಿಶ್ಲೇಷಕನಾದ. ಮಾತಿನ ನಡುವೆ ಕನ್ನಡಕ ತೆಗೆಯುವುದು, ತೆಗೆದ ಕನ್ನಡಕವನ್ನು ಎದುರಾಳಿಯ ಕಡೆ ಚಾಚುವುದು, ಮೇಜು ಗುದ್ದುವುದು, ಗುದ್ದಿದ ಮೇಲೆ ನೋವಾಗದಂತೆ ಮುಖ ಇಟ್ಟುಕೊಳ್ಳುವುದು ಇವನ್ನು ಒಂದು ವಾರ ಕಲಿಸಿದರು. ಕನ್ನಡಕ ಅವನಿಗೆ ಬೇಕಿರಲಿಲ್ಲ, ಗಾಜಿಲ್ಲದ್ದನ್ನು ಮಾಡಿಸಿಕೊಟ್ಟರು. ಮೊದಲ ತಿಂಗಳು ನೆರೆರಾಜ್ಯದ ಸಂಚು, ಈರುಳ್ಳಿಯ ಬೆಲೆ, ಪಟ್ಟದಾನೆಯ ಅಜೀರ್ಣ, ಇಂದಿನ ಹೆಣ್ಣುಮಕ್ಕಳು ಮತ್ತು ಸೂರ್ಯಗ್ರಹಣದ ಮೇಲೆ ಅವನು ಬೆಳಕು ಚೆಲ್ಲಿದ. ಆರಂಭದಲ್ಲಿ ಅಂಗೈ ಬೆವರುತ್ತಿತ್ತು. ಆಮೇಲೆ ಬೆವರುವುದು ನಿಂತಿತು.

ನಿಜ ಹೇಳಬೇಕೆಂದರೆ ಅವನಿಗೆ ಇಷ್ಟವಾಗತೊಡಗಿತು. ಇಪ್ಪತ್ತೆರಡು ವರ್ಷ ಅವನನ್ನು ಲೋಕ ಕೇಳಿದ್ದು ಒಂದೇ ಪ್ರಶ್ನೆ: ‘ಎಷ್ಟಡಿ ಅದೆ?’ ಈಗ ಮದುವೆಗೆ ಹೋದರೆ ಊಟದ ಪಂಕ್ತಿಯಲ್ಲಿ ಎದ್ದು ಬಂದು ಯುದ್ಧವಾಗುತ್ತದೆಯೇ ಎಂದು ಕೇಳುತ್ತಿದ್ದರು. ಕ್ಷೌರಕ್ಕೆ ಕೂತರೆ, ಜಗತ್ತಿನ ಎಲ್ಲ ವಿಷಯ ಬಲ್ಲ ಕ್ಷೌರದಂಗಡಿಯ ಮಾದಪ್ಪನೇ ಕತ್ತರಿ ಕೆಳಗಿಟ್ಟು ಅವನ ಬಾಯಿ ನೋಡುತ್ತಿದ್ದ. ‘ಹೌದು, ಯುದ್ಧವಾಗುತ್ತದೆ’ ಎಂದರೆ ಮುಖಗಳು ಹೇಗೆ ಅರಳುತ್ತವೆ ಎಂಬುದನ್ನು ಬಿಳಿಗಿರಿಯಪ್ಪ ಕಂಡುಕೊಂಡ.

ಅವನ ಯಶಸ್ಸಿನಿಂದ ಸಂತುಷ್ಟರಾದ ಮಹಾರಾಜರು ಅವನಿಗೆ ‘ಸರ್ವವಿಶ್ಲೇಷಕ’ ಎಂಬ ಬಿರುದು ಕೊಟ್ಟು ಒಂದು ನಿರೂಪ ಹೊರಡಿಸಿದರು. ‘ಗೊತ್ತಿಲ್ಲ’ ಎಂಬ ಪದವು ರಾಜ್ಯದ ಇಮೇಜಿಗೆ ಕುಂದುಂಟುಮಾಡುವುದರಿಂದ ಅದನ್ನು ನಿಷೇಧಿಸಲಾಗಿದೆ. ಅಗತ್ಯಬಿದ್ದಲ್ಲಿ ಪ್ರಜೆಗಳು ‘ಇದರ ಹಿಂದೆ ದೊಡ್ಡ ಹುನ್ನಾರವಿದೆ’ ಎನ್ನತಕ್ಕದ್ದು. ಅಂದಿನಿಂದ ಶಾಲೆಯಲ್ಲಿ ಏಳೆಂಟಲ ಎಷ್ಟು ಎಂದು ಕೇಳಿದರೆ ಮಕ್ಕಳು ಇದರ ಹಿಂದೆ ದೊಡ್ಡ ಹುನ್ನಾರವಿದೆ ಎನ್ನುತ್ತಿದ್ದವು. ಮೇಷ್ಟ್ರುಗಳು ಪೂರ್ತಿ ಅಂಕ ಕೊಡುತ್ತಿದ್ದರು.

ಅರಮನೆಯ ಗುಡ್ಡದ ಮೇಲೆ ಬಿಳಿಗಿರಿಯಪ್ಪನಿಗೆ ಬಂಗಲೆ ಕೊಟ್ಟರು. ಸಣ್ಣತಾಯಮ್ಮ ಬರಲೊಲ್ಲೆನೆಂದಳು.

“ಅಲ್ಲಿ ಮಾತಾಡ್ಸೋಕೆ ಯಾರವ್ರೆ?”

“ನಾನಿಲ್ವ?” ಎಂದ ಅವನು.

“ನೀವು ಊರಿಗೆಲ್ಲ ಮಾತಾಡಿ ಬತ್ತೀರಿ. ಮನೇಲಿ ಬಾಯಿ ನೋಯ್ತದೆ ಅಂತೀರಿ. ಇಲ್ಲಾದ್ರೆ ಟೀವಿಲಿ ದಿನಾ ಒಂದು ಗಂಟೆ ನೋಡ್ತೀನಿ. ಅಲ್ಲಿ ಅದೂ ಸಿಕ್ಕಲ್ಲ.”

ಮೊದಲು ಭಾನುವಾರಗಳಂದು ಕೆಳಗಣಕೇರಿಗೆ ಬರುತ್ತಿದ್ದ. ಆಮೇಲೆ ಭಾನುವಾರವೂ ವಿಶೇಷ ಚರ್ಚೆಗಳು ಶುರುವಾದವು.

ಮುಂದಿನ ವರ್ಷ ಮಹಾರಾಜರಿಗೆ ಅರವತ್ತು ತುಂಬಿತು. ಹುಟ್ಟುಹಬ್ಬದಂದು ದೊಡ್ಡಕೆರೆಯಲ್ಲಿ ಹಂಸನೌಕೆಯ ವಿಹಾರವೆಂದು ನಿಶ್ಚಯವಾಯಿತು. ಆದರೆ ಅರಮನೆಯ ಮೆಟ್ಟಿಲಿಗೂ ನೀರಿಗೂ ನಡುವೆ ನಾಲ್ಕಡಿ ಅಂತರವಿತ್ತು. ನೌಕೆ ಹತ್ತಲು ಮಹಾರಾಜರು ಕೆಳಗಿಳಿದರೆ ಅದನ್ನು ಅವರ ಇಳಿಮುಖವೆಂದು ಶತ್ರುಗಳು ಅಪಪ್ರಚಾರ ಮಾಡಬಹುದು. ಆದ್ದರಿಂದ ಕೆರೆಯೇ ಮೇಲೇರತಕ್ಕದ್ದು ಎಂದು ಆಜ್ಞೆಯಾಯಿತು. ನೀರು ಹೊರಬಿಡುವ ತೂಬುಗಳನ್ನೆಲ್ಲ ಮುಚ್ಚಿ ರಾಜಮುದ್ರೆ ಒತ್ತಿದರು. ಅಳತೆಗಲ್ಲಿನಲ್ಲಿ ಹದಿನೆಂಟರ ಮೇಲೆ ಹಿಂದಿನವರು ಕೆಂಪು ಗೆರೆ ಎಳೆದು ‘ಇದರಾಚೆ ಬೇಡ’ ಎಂದು ಕೊರೆಸಿದ್ದರು. ನೀರು ಇಪ್ಪತ್ತೊಂದಕ್ಕೆ ಬಂತು. ಆ ಅಕ್ಷರಗಳು ಮುಳುಗಿದ್ದರಿಂದ ಆಕ್ಷೇಪಣೆಯೂ ಇಲ್ಲವಾಯಿತು.

ಹುಟ್ಟುಹಬ್ಬದ ಹಿಂದಿನ ದಿನ ಸಂಜೆ ಐದಕ್ಕೆ ದೇವೀರಮ್ಮ ಸ್ಟುಡಿಯೋದ ಮೇಕಪ್ ಕೋಣೆಗೆ ಓಡೋಡಿ ಬಂದಳು. ಈಗ ಕೆರೆಯ ಅಳತೆಗಾರ್ತಿ ಅವಳೇ. ಕನ್ನಡಿಯ ಮುಂದೆ ಬಿಳಿಗಿರಿಯಪ್ಪ ಕತ್ತಿಗೆ ಟವೆಲ್ಲು ಸುತ್ತಿಕೊಂಡು, ಅರ್ಧ ಮುಖಕ್ಕೆ ಪೌಡರು ಬಳಿಸಿಕೊಂಡು ಕೂತಿದ್ದ. ಅವಳು ಸೆರಗಿನೊಳಗಿಂದ ಒಂದು ಬಾಟಲಿ ತೆಗೆದು ಅವನ ಮುಂದಿಟ್ಟಳು. ಒಳಗೆ ಕೆಂಪುನೀರು.

ಅವನ ಕೈ ಗಕ್ಕನೆ ಬಾಟಲಿಗೆ ಹೋಯಿತು. “ಎಲ್ಲಿ?”

“ಮೂರನೇ ತೂಬಿನ ಎಡಕ್ಕೆ ಅಣ್ಣ. ಬೆಳಿಗ್ಗೆ ಬೆರಳು ದಪ್ಪ ಬರ್ತಿತ್ತು. ಈಗ ಮುಂಗೈ ದಪ್ಪ ಆಗ್ಬಿಟ್ಟದೆ.”

“ತೂಬು ಎತ್ತಿಸ್ಬೇಕು. ಈಗ್ಲೇ.”

“ಮುದ್ರೆ ಒಡೆದ್ರೆ ತಲೆ ತೆಗೀತೀವಿ ಅಂತಾರೆ ಕಾವಲಿನೋರು. ನಾನು ಎಲ್ರಿಗೂ ಹೇಳ್ದೆ, ಯಾರೂ ಕೇಳಲಿಲ್ಲ. ನೀವು ಟೀವಿಲಿ ಒಂದು ಮಾತು ಹೇಳಿ ಅಣ್ಣ. ನೀವು ಹೇಳಿದ್ರೆ ರಾಜರೂ ಕೇಳ್ತಾರೆ, ಜನಾನೂ ಕೇಳ್ತಾರೆ.”

“ಹೇಳ್ತೀನಿ. ನೀನು ಏರಿ ಮೇಲೆ ಇರು, ಹೋಗು” ಎಂದ. ಹೇಳಬೇಕೆಂದೇ ಅವನ ಮನಸ್ಸಿನಲ್ಲಿತ್ತು. ಓದುಗರು ಇದನ್ನು ನಂಬಬೇಕು.

ಅವಳು ಹೋದ ಮೇಲೆ ಮಿತಭಾಷಿಗಳು ಬಂದರು. ಬಾಟಲಿ ನೋಡಿದರು. ಬೆದರಿಸಲಿಲ್ಲ; ಪಕ್ಕದ ಕುರ್ಚಿಯಲ್ಲಿ ಕೂತು ಅವನ ಭುಜದ ಮೇಲೆ ಬಿದ್ದಿದ್ದ ಪೌಡರು ಒರೆಸಿದರು.

“ನಾಳೆ ನೌಕೆಯಲ್ಲಿ ಮಹಾರಾಜರ ಬಲಗಡೆ ಪೀಠ ನಿಮ್ಮದು. ಸ್ವತಃ ಅವರೇ ಸೂಚಿಸಿದರು. ಆದರೆ ಅಂಥ ಪೀಠದ ಮೇಲೆ ಕೂರಲು ಇಷ್ಟವಿಲ್ಲದಿದ್ದರೆ ಬಲವಂತವಿಲ್ಲ. ನಿಮ್ಮ ಹಲಗೆ, ಸೀಮೆಸುಣ್ಣ ಇನ್ನೂ ಹಾಗೇ ಇವೆ. ಆಚೆ ಕೋಣೆಯಲ್ಲಿ ಇನ್ನೊಬ್ಬರು ಮೇಕಪ್ ಮುಗಿಸಿಕೊಂಡು ಕಾದಿದ್ದಾರೆ. ಹಿಂದೆ ಸೇತುವೆಯ ಕಾವಲುಗಾರರಾಗಿದ್ದರಂತೆ. ಅವರಿಗೂ ಏನೂ ತಿಳಿಯದಂತೆ.”

ಏಳು ಗಂಟೆಗೆ ಸಂಧ್ಯಾಸಮರ ಶುರುವಾಯಿತು. ಬಾಟಲಿ ಮೇಜಿನ ಮೇಲಿತ್ತು.

“ಮಹಾರಾಜರ ಹುಟ್ಟುಹಬ್ಬದ ಮುನ್ನಾದಿನವೇ ಭೀತಿಯ ವ್ಯಾಪಾರ!” ಎಂದು ಕಲಕಂಠ ಗರ್ಜಿಸಿದ. “ಕೆರೆಯ ಅಳತೆಗಾರ್ತಿಯೊಬ್ಬಳು ಈ ನೀರು ಹಿಡಿದುಕೊಂಡು ಊರೂರು ಅಲೆಯುತ್ತಿದ್ದಾಳೆ! ಸರ್ವವಿಶ್ಲೇಷಕರೇ, ಇಪ್ಪತ್ತೆರಡು ವರ್ಷ ಕೆರೆ ಕಾದವರು ನೀವು! ಇದು ಅಪಾಯವೋ, ಅಪಪ್ರಚಾರವೋ? ಧೈರ್ಯವಿದ್ದರೆ ಕುಡಿದು ಹೇಳಿ!”

ಬಿಳಿಗಿರಿಯಪ್ಪ ಬಾಟಲಿ ಎತ್ತಿದ. ಕ್ಯಾಮೆರಾ ಹತ್ತಿರ ಬಂತು. ಒಂದು ಗುಟುಕು ಬಾಯಿಗೆ ಹಾಕಿಕೊಂಡ. ನಾಲಗೆಯ ಮೇಲೆ ಮಣ್ಣು ಕೂತಿತು. ಯಾವ ಮಣ್ಣೆಂದು ಅವನಿಗೆ ತಿಳಿಯಿತು. ಏರಿಯ ಹೊಟ್ಟೆಯೊಳಗೆ ಹಿಂದಿನವರು ತುಳಿದು ತುಳಿದು ತುಂಬಿದ್ದ ಜೇಡಿ ಅದು. ಅದು ಹೊರಗೆ ಬಂದಿದೆಯೆಂದರೆ ಏರಿ ನಿಲ್ಲುವುದು ಹೆಚ್ಚೆಂದರೆ ಒಂದು ದಿನ. ಬಾಯಲ್ಲಿ ಅದನ್ನಿಟ್ಟುಕೊಂಡೇ ಅವನು ಕ್ಯಾಮೆರಾದ ಕಡೆ ನೋಡಿದ. ಆಮೇಲೆ ನುಂಗಿದ.

“ಸಿಹಿಯಾಗಿದೆ” ಎಂದ. ಕನ್ನಡಕ ತೆಗೆದ.

ಅರಮನೆಯಲ್ಲಿ ಕರತಾಡನವಾಯಿತು. ಕೆಳಗಣಕೇರಿಯಲ್ಲಿ ಜನ ನಿಟ್ಟುಸಿರು ಬಿಟ್ಟು, ಇನ್ನೇನೂ ಭಯವಿಲ್ಲ ಎಂದು ಊಟಕ್ಕೆದ್ದರು. ಸಣ್ಣತಾಯಮ್ಮ ಮಾತ್ರ ಟೀವಿ ಆರಿಸಿ ನೆರೆಮನೆಗೆ ಹೋದಳು.

“ಗಂಟು ಕಟ್ಟಿ. ಬೆಳಕಾಗ್ತಲೂ ಬೋಳುಗುಡ್ಡ ಹತ್ಬೇಕು” ಎಂದಳು.

“ನಿನ್ನ ಯಜಮಾನ್ರೇ ಕುಡಿದು ತೋರಿಸಿದ್ರಲ್ಲ, ಸಣ್ಣತಾಯಕ್ಕ!”

“ಕುಡಿದಿದ್ದು ನೋಡಿದ್ರಿ, ನುಂಗಿದ್ದು ನೋಡಿದ್ರಾ? ಮೂವತ್ತು ವರ್ಷ ಅವ್ರ ಮುಂದೆ ಊಟದ ತಣಿಗೆ ಇಟ್ಟಿವ್ನಿ. ಸಿಹಿಯಾದ್ದ ಆ ಮನುಷ್ಯ ಹಂಗೆ ನುಂಗಲ್ಲ.”

ಮನೆಯಿಂದ ಮನೆಗೆ ಹೋದಳು. ದೇವೀರಮ್ಮ ಏರಿಯಿಂದ ಇಳಿದು ಬಂದು ಜೊತೆಗೂಡಿದಳು. ಬೈದವರು ಬೈದರು, ನಕ್ಕವರು ನಕ್ಕರು. ಆದರೂ ಬೆಳಗಾಗುವಾಗ ಹಸು, ಕುರಿ, ಮಕ್ಕಳು, ಮುದುಕರು ಸಮೇತ ಕೇರಿಯೇ ಬೋಳುಗುಡ್ಡ ಹತ್ತಿತ್ತು. ಹನ್ನೊಂದು ಮಂದಿ ಮಾತ್ರ ಬರಲಿಲ್ಲ. ಹುಟ್ಟುಹಬ್ಬದ ನೇರಪ್ರಸಾರ ತಪ್ಪಿಹೋಗುತ್ತದೆ ಎಂದರು.

ನಡುಮಧ್ಯಾಹ್ನ ಮಹಾರಾಜರು ಒಂದು ಮೆಟ್ಟಿಲೂ ಇಳಿಯದೆ ಹಂಸನೌಕೆಯ ಮೇಲೆ ಕಾಲಿಟ್ಟರು. ನೌಕೆ ಕೆರೆಯ ನಡುವಿಗೆ ಹೋದಾಗ ಏರಿ ಒಡೆಯಿತು. ನೀರು ಕೆಳಗಣಕೇರಿಯ ಮೇಲೆ ಹೋಯಿತು. ಮುನ್ನೂರು ಮನೆಗಳಲ್ಲಿ ನಾಲ್ಕು ಉಳಿದವು. ಹನ್ನೊಂದು ಮಂದಿ ಉಳಿಯಲಿಲ್ಲ. ನೌಕೆ ನಿಧಾನವಾಗಿ ಇಳಿಯುತ್ತ ಬಂದು, ಮಹಾರಾಜರ ಸಮೇತ ಕೆಸರಿನಲ್ಲಿ ಕೂತಿತು. ‘ಮಹಾರಾಜರಿಂದ ಐತಿಹಾಸಿಕ ಭೂಸ್ಪರ್ಶ’ ಎಂದು ರಾಜಘೋಷ ಬ್ರೇಕಿಂಗ್ ನ್ಯೂಸ್ ಹಾಕಿತು.

ಬಲಗಡೆಯ ಪೀಠದಿಂದ ಬಿಳಿಗಿರಿಯಪ್ಪ ಕೆಸರಿಗೆ ಹಾರಿದ. ಜರಿಯ ಪಂಚೆ ಎತ್ತಿಕಟ್ಟಿಕೊಂಡು ಸೊಂಟದವರೆಗಿನ ಹೂಳಿನಲ್ಲಿ ಈಜಾಡಿದಂತೆ ನಡೆದು, ದಡ ಸೇರಿ, ಓಡಿದ. ಬೋಳುಗುಡ್ಡದ ಮೇಲೆ ಸಣ್ಣತಾಯಮ್ಮ ಒಂದು ಕೂಸನ್ನು ತೊಡೆಯ ಮೇಲೆ ಮಲಗಿಸಿಕೊಂಡು ಕೂತಿದ್ದಳು. ಅವನು ಎದುರಿಗೆ ಕುಸಿದ.

“ಬದುಕಿದ್ದೀಯಲ್ಲ” ಎಂದ.

“ಹೂಂ.”

“ನಾನೇನು ಮಾಡ್ಲಿ ಈಗ?”

“ನನ್ನ ಕೇಳ್ತೀರಾ?” ಎಂದಳು ಅವಳು. ಕೂಸಿನ ಮೇಲಿನ ಸೆರಗು ಸರಿಮಾಡಿ, “ಸಂಜೆ ಹೋಗಿ ಅದೇ ಕುರ್ಚಿ ಮೇಲೆ ಕೂತ್ಕೊಂಡು, ಇದ್ದದ್ದ ಇದ್ದಂಗೆ ಹೇಳಿ. ಸತ್ತೋರಂತೂ ಬರಲ್ಲ. ಇರೋರಿಗೆ ವಸಿ ಮುಖ ತೋರಿಸ್ಬಹುದು” ಎಂದಳು.

ಹಾಗೇ ಮಾಡುವೆನೆಂದು ಅವನು ಎದ್ದ. ಮೈಯ ಕೆಸರು ತೊಳೆಯದೆ ಸ್ಟುಡಿಯೋಕ್ಕೆ ಹೋದ. ಮೇಕಪ್ಪಿನವರು ಕೆಸರನ್ನು ಹಾಗೇ ಬಿಡಿ, ಚೆನ್ನಾಗಿದೆ ಎಂದರು. ಹೊರಗೆ ಸಾವಿರಾರು ಜನ ಸೇರಿ ಸರ್ವವಿಶ್ಲೇಷಕರಿಗೆ ಜಯವಾಗಲಿ ಎನ್ನುತ್ತಿದ್ದರು. ಏಕೆ ಎಂದು ಅವರಿಗೂ ಖಚಿತವಿರಲಿಲ್ಲ. ಕೇಳಿ ತಿಳಿದುಕೊಳ್ಳಲೆಂದೇ ಬಂದಿದ್ದರು. ಕ್ಯಾಮೆರಾದ ಕೆಂಪು ದೀಪ ಹೊತ್ತಿತು.

“ಮಹಾಜನರೇ, ನಿನ್ನೆ ನಾನು ಕುಡಿದ ನೀರು...” ಎಂದು ಬಿಳಿಗಿರಿಯಪ್ಪ ಶುರುಮಾಡಿದ.

“ಅಮೃತ!” ಎಂದು ಕಲಕಂಠ ಬಾಯಿ ಹಾಕಿದ. “ನೀವು ಕುಡಿದಿರಿ, ಇಂದಿಗೂ ಗಟ್ಟಿಯಾಗಿದ್ದೀರಿ! ಅಂದಮೇಲೆ ಏರಿಯಲ್ಲಿ ದೋಷವಿರಲಿಲ್ಲ! ಹಾಗಾದರೆ ಒಡೆದದ್ದು ಹೇಗೆ? ಕೇರಿಯ ಜನ ಬೆಳಿಗ್ಗೆಯೇ ಗುಡ್ಡ ಹತ್ತಿ ಕೂತಿದ್ದರಂತೆ! ಒಡೆಯುವುದು ಅವರಿಗೆ ಮೊದಲೇ ಹೇಗೆ ತಿಳಿಯಿತು? ಉತ್ತರ ಕೊಡಿ!”

ಹೊರಗಿನ ಜಯಘೋಷ ಒಮ್ಮೆಲೆ ನಿಂತಿತು. ಎಲ್ಲರೂ ಕಾಯುತ್ತಿದ್ದರು. ಅಷ್ಟು ಜನ ತನ್ನೊಬ್ಬನ ಬಾಯಿಗಾಗಿ ಕಾಯುವ ಆ ಸುಖ ಅವನ ಬೆನ್ನುಹುರಿಯಲ್ಲಿ ಹತ್ತಿಬಂತು. ಹೇಳಬೇಕೆಂದು ತಂದಿದ್ದ ವಾಕ್ಯವನ್ನು ಹುಡುಕಿದ, ಸಿಗಲಿಲ್ಲ. ಸಿಕ್ಕಿದ್ದನ್ನು ಹೇಳಿದ.

“ಇದರ ಹಿಂದೆ ದೊಡ್ಡ ಹುನ್ನಾರವಿದೆ.”

ಮುಂದಿನದೆಲ್ಲ ಸುಲಭವಾಯಿತು. ಹೆಂಡತಿಯ ಹೆಸರನ್ನು ಅವನು ಎತ್ತಲಿಲ್ಲ. ಅಷ್ಟರಮಟ್ಟಿಗೆ ಗೃಹಸ್ಥನಾಗಿ ಉಳಿದ. ದೇವೀರಮ್ಮನ ಹೆಸರನ್ನು ನಾಲ್ಕು ಸಲ ಹೇಳಿದ. ಮೊದಲ ಸಲ ಮಾತ್ರ ತಡವರಿಸಿದ.

ವಿಚಾರಣೆ ಎರಡು ಜಾಹೀರಾತುಗಳ ನಡುವೆ ಮುಗಿಯಿತು. ಏರಿಯ ಮನಸ್ಸನ್ನು ಕೆಡಿಸಿದ ಅಪರಾಧಕ್ಕಾಗಿ ದೇವೀರಮ್ಮನಿಗೆ ಆಜೀವ ಚರ್ಚೆಯ ಶಿಕ್ಷೆಯಾಯಿತು. ಪ್ರತಿ ಸಂಜೆ ಸಂಧ್ಯಾಸಮರದಲ್ಲಿ ವಿರೋಧಿಯಾಗಿ ಕೂರಬೇಕು, ಮೈಕು ಇರುವುದಿಲ್ಲ. ಪರದೆಯ ಮೂಲೆಯ ಚಿಕ್ಕ ಚೌಕದಲ್ಲಿ ಅವಳು ದಿನವೂ ಬಾಯಿ ಆಡಿಸತೊಡಗಿದಳು. ಕೆಲವರು ಟೀವಿಯ ಸದ್ದು ಕಡಿಮೆ ಮಾಡಿ ಅವಳ ತುಟಿ ಓದಲು ಕಲಿಯುತ್ತಿದ್ದಾರೆಂಬ ವರದಿ ಬಂದ ಮೇಲೆ ಆ ಚೌಕದ ಕೆಳಭಾಗಕ್ಕೆ ಹಲ್ಲುಪುಡಿಯ ಜಾಹೀರಾತು ಹಾಕಲಾಯಿತು.

ಬಿಳಿಗಿರಿಯಪ್ಪನಿಗೆ ‘ರಾಷ್ಟ್ರಜಿಹ್ವೆ’ ಎಂಬ ಬಿರುದಿನೊಂದಿಗೆ ಸಿಂಹಾಸನದ ಪಕ್ಕ ಖಾಯಂ ಆಸನ ಕೊಟ್ಟು, ತಲೆಯ ಮೇಲೆ ಚಿನ್ನದ ಸಣ್ಣ ಕಿರೀಟ ಇಟ್ಟರು. ಅದೇ ದಿನ ಇನ್ನೊಂದು ನಿರೂಪ ಹೊರಟಿತು. ಮುನ್ಸೂಚನೆ ಪಡೆದು ಬದುಕಿ ಉಳಿದ ಪ್ರಜೆಗಳೇ ಏರಿಯ ಜವಾಬ್ದಾರರಾಗಿರುವುದರಿಂದ ಪ್ರತಿ ಕುಟುಂಬವೂ ಸಾವಿರ ಮಂಕರಿ ಮಣ್ಣು ಹೊತ್ತು ಅದನ್ನು ಕಟ್ಟತಕ್ಕದ್ದು. ಹೊರುವಾಗ ಮುಖ ಪ್ರಸನ್ನವಾಗಿರತಕ್ಕದ್ದು.

ಗೋಣಿ ತಟ್ಟಿಯ ಕೆಳಗೆ ಮಲಗಿ, ಎರಡು ಹರದಾರಿ ದೂರದ ಹಳ್ಳದಿಂದ ಕುಡಿಯುವ ನೀರು ತಂದು, ಕೆಳಗಣಕೇರಿಯವರು ಮಣ್ಣು ಹೊರತೊಡಗಿದರು. ಏರಿಯ ಉದ್ದಕ್ಕೂ ಕಟ್ಟಿದ್ದ ಧ್ವನಿವರ್ಧಕಗಳು ಅವರು ಏಕೆ ಹೊರುತ್ತಿದ್ದಾರೆಂದು ಅವರಿಗೆ ವಿವರಿಸುತ್ತಿದ್ದವು. ಸಣ್ಣತಾಯಮ್ಮ ಗಂಡನ ಧ್ವನಿಯ ಕೆಳಗೆ ದಿನಕ್ಕೆ ಮೂವತ್ತು ಮಂಕರಿ ಹಾಕುತ್ತಿದ್ದಳು.

ಒಂದು ಬೆಳಿಗ್ಗೆ ಕಲಕಂಠ ಜನಾಭಿಪ್ರಾಯ ಸಂಗ್ರಹಿಸಲು ಕ್ಯಾಮೆರಾದವರೊಂದಿಗೆ ಅಲ್ಲಿಗೆ ಬಂದ. ಅವಳಾರೆಂದು ಅವನಿಗೆ ತಿಳಿಯದು. ಮಣ್ಣು ಹೊತ್ತು ಏರಿ ಹತ್ತುತ್ತಿದ್ದವಳ ಮುಖಕ್ಕೆ ಮೈಕು ಹಿಡಿದು, “ತಾಯೀ! ರಾಷ್ಟ್ರಜಿಹ್ವೆಯವರ ಬಗ್ಗೆ ನಿಮ್ಮ ಅನಿಸಿಕೆ ಏನು?” ಎಂದ.

“ದಾರಿ ಬುಡಪ್ಪ” ಎಂದಳು ಸಣ್ಣತಾಯಮ್ಮ. “ತಲೆ ಮ್ಯಾಲೆ ಭಾರ ಅದೆ.”

ಸಂಜೆ ಏಳಕ್ಕೆ ಅದು ಪ್ರಸಾರವಾಯಿತು. ಸಮಯದ ಅಭಾವದಿಂದ ಮೊದಲ ಪದವನ್ನಷ್ಟೇ ಉಳಿಸಿಕೊಂಡಿದ್ದರು. ಮುಖ ಕಾಣದಂತೆ ಮಂಕರಿಯನ್ನು ಮಾತ್ರ ತೋರಿಸಿದರು. “ದಾರಿ! ಶ್ರಮಜೀವಿ ತಾಯಿಯೊಬ್ಬಳು ಹೇಳಿದ್ದು ಇದೊಂದೇ ಮಾತು! ಏನಿದರ ಅರ್ಥ?” ಎಂದು ಕಲಕಂಠ ಕೇಳಿದ. ಬಿಳಿಗಿರಿಯಪ್ಪ ಆ ಧ್ವನಿ ಕೇಳಿ ಕಿರೀಟ ಸರಿಪಡಿಸಿಕೊಂಡ. ಮೇಜಿನ ಮೇಲಿದ್ದ ನೀರು ಕುಡಿದ. ಅನಂತರ ಕನ್ನಡಕ ತೆಗೆದು, ಮಹಾರಾಜರು ತೋರಿದ ದಾರಿಯಲ್ಲಿ ಜನ ಹೇಗೆ ಮೈಮರೆತು ನಡೆಯುತ್ತಿದ್ದಾರೆ ಎಂಬುದನ್ನು ನಲವತ್ತು ನಿಮಿಷ ವಿಶ್ಲೇಷಿಸಿದ.

ಧ್ವನಿವರ್ಧಕದ ಕೆಳಗೆ ಸಣ್ಣತಾಯಮ್ಮ ಅಷ್ಟು ಹೊತ್ತಿನಲ್ಲಿ ಇನ್ನೆರಡು ಮಂಕರಿ ಹಾಕಿದಳು. ಅವಳ ಪಾಲಿನದು ಇನ್ನೂ ಎಂಟುನೂರ ಹದಿಮೂರು ಉಳಿದಿತ್ತು.